ವಾರಿಜಕ್ಕನ ಕಿಟಕಿಗೆ ಬರುವ ಬಿಸಿಲು

ಪರದೇಶಕ್ಕೆ ಹೋಗಿ ಬಂದವರು ಪ್ರವಾಸ ಕಥನ ಬರೆಯುವುದು ರೂಢಿ. ನಾನು ಹೋದದ್ದು ಮುಂಬೈಗೆ. ಅದಕ್ಕೆ ಪಾಸ್‌ಪೋರ್ಟ್ ಬೇಡ, ಧಾರವಾಡದಲ್ಲಿ ರೈಲು ಹತ್ತಿ ಮಲಗಿದರೆ ಮರುದಿನ ದಾದರ್. ಆದರೆ ಅಲ್ಲಿದ್ದ ಹತ್ತು ದಿನಗಳಲ್ಲಿ ನನಗೆ ಅರ್ಥವಾದದ್ದಕ್ಕಿಂತ ಅರ್ಥವಾಗದ್ದೇ ಹೆಚ್ಚು. ಆ ಲೆಕ್ಕದಲ್ಲಿ ಅದೂ ಪರದೇಶವೇ ಎಂದು ಧೈರ್ಯ ಮಾಡಿ ಬರೆಯಲು ಕೂತಿದ್ದೇನೆ.

ನಾನು ಹೆಣ್ಣುಮಕ್ಕಳ ಶಾಲೆಯಲ್ಲಿ ಮೂವತ್ತು ವರ್ಷ ಚಿತ್ರಕಲೆ ಕಲಿಸಿ ನಿವೃತ್ತಳಾದವಳು. ಇರುವವಳು ಒಬ್ಬಳೇ ಮಗಳು, ಚೇತನಾ. ಅವಳು ಮುಂಬೈ ಸೇರಿ ಹನ್ನೊಂದು ವರ್ಷವಾಯಿತು. ಪಕ್ಕದ ಮನೆಯ ಸರೋಜಾ ವರ್ಷಕ್ಕೆ ನಾಲ್ಕು ಸಲವಾದರೂ ಕೇಳುತ್ತಾಳೆ, "ಚೇತನಾ ಏನ ಮಾಡ್ತಾಳ್ರೀ ಅಲ್ಲೆ?" ಸಿನಿಮಾದಲ್ಲಿ ಕ್ಯಾಮೆರಾ ಕೆಲಸ ಎನ್ನುತ್ತೇನೆ. "ಫೋಟೋ ತಗೀತಾಳ?" ಅಲ್ಲ. "ಆ್ಯಕ್ಟಿಂಗ್ ಮಾಡ್ತಾಳ?" ಅಲ್ಲ. "ಮತ್ತ?" ಎನ್ನುವಷ್ಟರಲ್ಲಿ ನನ್ನ ಹಾಲು ಉಕ್ಕುತ್ತದೆ, ಅಂದರೆ ಉಕ್ಕಿತೆಂದು ನಾನು ಒಳಗೆ ಓಡುತ್ತೇನೆ.

ಸುಳ್ಳೇಕೆ, ನನಗೂ ಗೊತ್ತಿರಲಿಲ್ಲ. ಇಷ್ಟು ವರ್ಷ ಅವಳು ಬೇರೆಯವರ ಕ್ಯಾಮೆರಾಕ್ಕೆ ಫೋಕಸ್ ಹಿಡಿಯುತ್ತಿದ್ದಳು. ಟೇಪು ಹಿಡಿದು ನಟರ ಮೂಗಿನಿಂದ ಕ್ಯಾಮೆರಾವರೆಗೆ ಅಳೆಯುವ ಫೋಟೋ ಒಂದನ್ನು ಕಳಿಸಿದ್ದಳು. ಅದನ್ನು ನೋಡಿದ ಸರೋಜಾ ಟೇಲರಿಂಗ್ ಎಂದುಕೊಂಡಳು. ಈಗ ಮೊದಲ ಬಾರಿಗೆ ಒಂದು ಸಿನಿಮಾದ ಇಡೀ ಕ್ಯಾಮೆರಾ ಕೆಲಸ ಅವಳ ಕೈಗೆ ಬಂದಿತ್ತು. ಆ ಹೊತ್ತಿಗೆ ಸರಿಯಾಗಿ ಫೋನು ಮಾಡಿ, "ಅವ್ವಾ, ಒಂದ ಹತ್ತ ದಿನ ಬಂದಿರು" ಎಂದಳು. ಅವಳಾಗಿ ಹೀಗೆ ಕರೆದದ್ದೇ ಇಲ್ಲ. ನನಗೆ ಹಿಗ್ಗೋ ಹಿಗ್ಗು. ಈ ಸಲ ಸರೋಜಾಳ ಪ್ರಶ್ನೆಗೆ ಉತ್ತರ ತಂದೇ ತರುತ್ತೇನೆಂದು ಹೊರಟೆ.

ದಾದರ್

ಪ್ಲಾಟ್‌ಫಾರ್ಮಿನಲ್ಲಿ ಚೇತನಾ ನಿಂತಿದ್ದಳು. ನನ್ನನ್ನು ಕಂಡು ಕೈಬೀಸಿದಳು. ಆಮೇಲೆ ಅದೇ ಕೈಯನ್ನು ಮುಷ್ಟಿ ಕಟ್ಟಿ ಮುಂದೆ ಚಾಚಿ, ಅತ್ತ ಇತ್ತ ತಿರುಗಿಸಿ ನೋಡಿಕೊಂಡಳು. ಯಾರಿಗೋ ಗುದ್ದುವ ತಯಾರಿ ಇದ್ದಂತಿತ್ತು.

"ಕೈ ನೋವೇನ?" ಎಂದೆ.

"ಇಲ್ಲವ್ವಾ. ಸುಮ್ನ."

ಮೇಲ್ಸೇತುವೆಯ ನೆರಳಿಗೆ ಬಂದಾಗ ಮತ್ತೆ ಮುಷ್ಟಿ. ಹೊರಗೆ ಬಿಸಿಲಿಗೆ ಬಂದಾಗ ಮತ್ತೆ. ಟ್ಯಾಕ್ಸಿಯೊಳಗೂ ಒಮ್ಮೆ. ವಾತದ ತೊಂದರೆ ನಮ್ಮ ಮನೆತನದಲ್ಲಿ ಇದೆ, ನಮ್ಮ ಅತ್ತೆಗೆ ಇತ್ತು. ಈ ವಯಸ್ಸಿಗೇ ಶುರುವಾಯಿತಲ್ಲ ಎಂದು ನನಗೆ ದಾರಿಯುದ್ದಕ್ಕೂ ಅದೇ ಚಿಂತೆ.

ಸಯನ್

ಅವಳ ಮನೆ ಸಯನ್ನಿನಲ್ಲಿ, ನಾಲ್ಕನೆಯ ಮಹಡಿಯಲ್ಲಿ. ಮನೆ ಎಂದರೆ ಒಂದು ಕೋಣೆ, ಒಂದು ಕಿಟಕಿ, ಗ್ಯಾಸಿನ ಕಟ್ಟೆ. ಕೆಳಗೆ ಭಾಜಿ ಮಾರುವವಳು ನನ್ನ ಮುರುಕು ಹಿಂದಿ ಕೇಳಿ, "ನೀವ್ ವಿಜಾಪುರ ಕಡೆದವ್ರೇನ್ರೀ ಬಾಯಿ?" ಎಂದಾಗ ಅವಳನ್ನು ಅಪ್ಪಿಕೊಳ್ಳುವಷ್ಟು ಸಂತೋಷವಾಯಿತು. ನಾಲ್ಕು ಸೌತೆಕಾಯಿ ಬೇಕಿದ್ದವಳು ಚೀಲದ ತುಂಬ ತಂದೆ.

ಮೇಲೆ ಬಂದು ಕೂರುತ್ತಲೇ ಚೇತನಾ ನನ್ನ ಗದ್ದ ಹಿಡಿದು ಮುಖವನ್ನು ಕಿಟಕಿಯ ಕಡೆ ತಿರುಗಿಸಿದಳು. ಅರ್ಧ ಲಿಂಬೆಹಣ್ಣಿನಷ್ಟು ಬಿಳಿ ಗುಬಟು ಇದ್ದ ಒಂದು ಪುಟ್ಟ ಯಂತ್ರವನ್ನು ಕೆನ್ನೆಯ ಹತ್ತಿರ ತಂದು ಗುಂಡಿ ಒತ್ತಿದಳು. ಜ್ವರ ನೋಡುತ್ತಿದ್ದಾಳೆ ಎಂದುಕೊಂಡು ಉಸಿರು ಬಿಗಿಹಿಡಿದೆ.

"ಎಷ್ಟದ?"

"ನಾಲ್ಕು."

"ಹೆಚ್ಚೋ ಕಡಿಮಿಯೋ?"

"ಬೇಕಾದಷ್ಟದ," ಎಂದು ವಹಿಯಲ್ಲಿ ಬರೆದುಕೊಂಡಳು. ಅದು ಬೆಳಕು ಅಳೆಯುವ ಯಂತ್ರವಂತೆ. ಕೆನ್ನೆಯ ಮೇಲಿನ ಬೆಳಕು ಕಣ್ಣಿಗೇ ಕಾಣುವಾಗ ಅಳೆಯುವುದು ಏಕೆ ಎಂದು ಕೇಳಬೇಕೆನಿಸಿತು. ಆದರೆ ಬಂದ ಮೊದಲ ದಿನವೇ ಜಗಳ ಬೇಡ ಎಂದು ಸುಮ್ಮನಾದೆ.

"ನಾಳೆ ಬೈಕುಲ್ಲಾಕ್ಕ ಹೋಗೂಣು," ಎಂದಳು. ಬೈಕುಲ್ಲಾದಲ್ಲಿ ಪ್ರಾಣಿಸಂಗ್ರಹಾಲಯ ಇದೆಯೆಂದು ಕೇಳಿದ್ದೆ. ಹೊಸ ಇಳಕಲ್ ಸೀರೆ ತೆಗೆದಿಟ್ಟುಕೊಂಡೆ.

ಬೈಕುಲ್ಲಾ

ಲೋಕಲ್‌ನ ಹೆಂಗಸರ ಡಬ್ಬಿಯಲ್ಲಿ ಒಂದು ಪದ್ಧತಿಯಿದೆ. ನಮ್ಮ ಕಡೆ ಬಸ್ಸಿನ ಸೀಟು ಹಿಡಿಯಲು ಕಿಟಕಿಯಿಂದ ಕರವಸ್ತ್ರ ಎಸೆಯುತ್ತೇವೆ. ಇಲ್ಲಿ ಕೂತವರ ಮುಂದೆ ನಿಂತು ಎಲ್ಲಿ ಇಳಿಯುತ್ತೀರಿ ಎಂದು ಕೇಳಿ, ಬರಲಿರುವ ಖಾಲಿ ಜಾಗವನ್ನು ಮೊದಲೇ ಕಾಯ್ದಿರಿಸುತ್ತಾರೆ. ಇದು ತಿಳಿಯದ ನಾನು, ಒಬ್ಬ ಹೆಂಗಸು ಕೇಳಿದಾಗ ಸೌಜನ್ಯಕ್ಕೆ ಕೇಳಿದ್ದಾಳೆಂದುಕೊಂಡು ಧಾರವಾಡ, ಮಗಳು, ನಿವೃತ್ತಿ ಎಲ್ಲ ಹೇಳತೊಡಗಿದೆ. ಆಕೆ ಪೂರ್ತಿ ಕೇಳಿ, "ವೋ ಠೀಕ್ ಹೈ. ಉತರೇಂಗೀ ಕಹಾಂ?" ಎಂದಳು. ಬೈಕುಲ್ಲಾ ಬರುವವರೆಗೂ ಕಾವಲಿಗಿದ್ದಂತೆ ನನ್ನ ಮೊಣಕಾಲಿಗೆ ತಾಗಿ ನಿಂತಿದ್ದಳು.

ಸ್ಟೇಷನ್ನಿನಿಂದ ನಡೆದು ಹೋದದ್ದು ಪ್ರಾಣಿಸಂಗ್ರಹಾಲಯಕ್ಕಲ್ಲ, ಒಂದು ಹಳೆಯ ಚಾಳ್‌ಗೆ, ಅಂದರೆ ಸಾಲು ಖೋಲಿಗಳ ವಠಾರಕ್ಕೆ. ಮೂರನೆಯ ಮಹಡಿಯ ಕೊನೆಯ ಖೋಲಿ ವಾರಿಜಕ್ಕ ಎಂಬವರದ್ದು. ಉಡುಪಿ ಕಡೆಯವರು, ನನಗಿಂತ ಎರಡು ಮೂರು ವರ್ಷಕ್ಕೆ ದೊಡ್ಡವರಿರಬೇಕು. ಗಂಡ ಹೋಟೆಲಿನ ಅಡುಗೆಮನೆಯಲ್ಲಿ ಆಯುಷ್ಯ ಕಳೆದು ತೀರಿಕೊಂಡವರು. "ಬನ್ನಿ ಬನ್ನಿ, ಕೂತ್ಕೊಳ್ಳಿ. ನಿಮ್ಮ ಮಗಳು ತಿಂಗಳಿಂದ ಇಲ್ಲಿ ಬಂದು ನೆಲ ನೋಡ್ತಾ ಕೂರ್ತಾಳೆ ಮಾರಾಯ್ರೆ, ನಂಗೆ ಮೊದಲು ಹೆದರಿಕೆ ಆದದ್ದು," ಎಂದು ಸ್ವಾಗತಿಸಿದರು.

ನೆಲದ ಮೇಲೆ ಸೀಮೆಸುಣ್ಣದಲ್ಲಿ ಗೆರೆಗಳಿದ್ದವು, ಪಕ್ಕದಲ್ಲಿ ಗಂಟೆ ನಿಮಿಷ ಬರೆದಿತ್ತು. ಆ ಖೋಲಿಗೆ ಸೂರ್ಯ ಬರುವುದೇ ಇಲ್ಲ. ಆದರೆ ರಸ್ತೆಯಾಚೆ ಹೊಸದಾಗಿ ಎದ್ದಿರುವ ಗಾಜಿನ ಬಿಲ್ಡಿಂಗಿಗೆ ಬಡಿದ ಬಿಸಿಲು ತಿರುಗಿ ಬಂದು, ಹನ್ನೊಂದರ ಸುಮಾರಿಗೆ ವಾರಿಜಕ್ಕನ ಕಿಟಕಿಗೆ ಬೀಳುತ್ತದೆ. ಹದಿನೆಂಟು ನಿಮಿಷ. ಆಮೇಲೆ ಗೋಡೆಗೆ ಸರಿದು ಮಾಯ. ನನ್ನ ಮಗಳು ತಿಂಗಳಿಂದ ಅಳೆದಿದ್ದು ಇದನ್ನು.

"ಇಲ್ಲೆ ಕುಂದರವ್ವಾ," ಎಂದು ಸ್ಟೂಲು ತೋರಿಸಿದಳು. ಕೂತೆ. "ಬಲಕ್ಕ ಸ್ವಲ್ಪ. ಇಷ್ಟ. ಅಲ್ಲಾಡಬ್ಯಾಡ." ನನ್ನ ಹೊಸ ಸೀರೆಯ ಮೇಲೆ ಬಣ್ಣಗೆಟ್ಟ ಒಂದು ಶಾಲು ಹೊದಿಸಿದಳು. ಅರ್ಧ ಗಂಟೆಯಾದ ಮೇಲೆ, "ನಾ ಯಾಕ ಕುಂತೇನಿ?" ಎಂದು ಕೇಳಿದೆ.

ಆಗ ಹೇಳಿದಳು. ಸಿನಿಮಾದಲ್ಲಿ ಒಬ್ಬ ತಾಯಿಗೆ ಕೆಟ್ಟ ಸುದ್ದಿ ಬರುತ್ತದೆ. ಆಕೆ ಅಳುವುದಿಲ್ಲ, ಈ ಕಿಟಕಿಯ ಪಕ್ಕ ಸುಮ್ಮನೆ ಕೂರುತ್ತಾಳೆ. ಆ ಪಾತ್ರ ಮಾಡುವ ನಟಿ ಸಿಗುವುದು ಭಾನುವಾರ ಒಂದೇ ದಿನ, ಸಂಜೆಗೆ ಬೇರೆ ಊರಿಗೆ ಹೋಗುತ್ತಾರೆ. ಅಲ್ಲಿಯವರೆಗೆ ಬೆಳಕು ಹೇಗೆ ಬೀಳುತ್ತದೆಂದು ನೋಡಲು ಅವರ ಜಾಗದಲ್ಲಿ ಯಾರಾದರೂ ಕೂರಬೇಕು.

"ಆಕೀ ಎತ್ತರ, ಮೈಬಣ್ಣ ಎಲ್ಲಾ ನಿನ್ನಂಗ ಅವ," ಎಂದಳು.

ನನಗೆ ಕೆಟ್ಟದೆನಿಸಿತು. ಅವ್ವ ಬೇಕೆಂದು ಕರೆದಿದ್ದಾಳೆಂದು ಬಂದರೆ, ಅವಳಿಗೆ ಬೇಕಾದದ್ದು ನನ್ನ ಮೈಬಣ್ಣ! ಮಾತಾಡದೆ ಕೂತೆ. ಹೇಗೂ ಅಲ್ಲಾಡಬಾರದೆಂದು ಹೇಳಿದ್ದಳಲ್ಲ.

ಸ್ಟೂಲಿನ ಮೇಲೆ ಮೂರು ದಿನ

ಬುಧವಾರ, ಗುರುವಾರ, ಶುಕ್ರವಾರ ಅಲ್ಲೇ ಕೂತೆ. ಮುಂಬೈ ನೋಡಿದೆಯಾ ಎಂದು ಊರಲ್ಲಿ ಕೇಳುವವರಿಗೆ ಹೇಳುವುದು ಇಷ್ಟೇ, ಒಂದು ಕಿಟಕಿಯನ್ನು ಮಾತ್ರ ಬಹಳ ಚೆನ್ನಾಗಿ ನೋಡಿದೆ. ಒಳಕ್ಕೆ ತೆರೆಯುವ ಎರಡು ಗಾಜಿನ ಬಾಗಿಲು, ಹೊರಗೆ ಕಬ್ಬಿಣದ ಸರಳು. ಗಾಜಿನ ಮೇಲೆ ರಸ್ತೆಯ ಧೂಳು, ಕೆಳಗಿನ ವಡಾಪಾವ್ ಗಾಡಿಯ ಎಣ್ಣೆಹೊಗೆ, ಎಷ್ಟೋ ವರ್ಷದ್ದು.

ನಾನೂ ಬೆಳಕು ನೆರಳು ಕಲಿಸಿದವಳೇ. ಒಂದು ಕಡೆ ಬೆಳಕು, ಇನ್ನೊಂದು ಕಡೆ ಪೆನ್ಸಿಲ್ ಅಡ್ಡ ಹಿಡಿದು ಉಜ್ಜಿದರೆ ನೆರಳು, ಮುಗಿಯಿತು. ಚೇತನಾಳದ್ದು ಮುಗಿಯುವುದೇ ಇಲ್ಲ. ನನ್ನ ಎಡಗೆನ್ನೆಯ ಪಕ್ಕ ಬಿಳಿ ಥರ್ಮೋಕೋಲ್ ಹಿಡಿಯುತ್ತಾಳೆ, ತೆಗೆಯುತ್ತಾಳೆ, ಅಲ್ಲಿ ಕಪ್ಪು ಬಟ್ಟೆ ಕಟ್ಟುತ್ತಾಳೆ. ಕತ್ತಲೆಯಿರುವ ಕಡೆ ಇನ್ನಷ್ಟು ಕತ್ತಲೆ ಏಕೆ ಎಂದರೆ, "ಆ ಕಡೀ ಕಣ್ಣು ಕಾಣಬೇಕು, ಆದ್ರ ಪೂರ್ತಿ ಕಾಣಬಾರದು," ಎನ್ನುತ್ತಾಳೆ.

"ಕಾಣಬೇಕೋ ಬ್ಯಾಡೋ, ಒಂದ ಮಾತ ಹೇಳು."

"ಎರಡೂ, ಅವ್ವಾ."

ಶಾಲೆಯಲ್ಲಿ ಯಾವ ಹುಡುಗಿಯಾದರೂ ನನಗೆ ಹೀಗೆ ಉತ್ತರ ಕೊಟ್ಟಿದ್ದರೆ ಹೊರಗೆ ನಿಲ್ಲಿಸುತ್ತಿದ್ದೆ. ಆದರೆ ಅವಳು ಕೂತ ರೀತಿ ನೋಡುತ್ತಿದ್ದೆ. ಬೆಳಕು ಬರುವ ಮೊದಲೇ ಚಹಾ ಪಕ್ಕಕ್ಕಿಡುತ್ತಾಳೆ, ಫೋನು ತಿರುವಿಡುತ್ತಾಳೆ. ಹದಿನೆಂಟು ನಿಮಿಷ ಕಣ್ಣು ಕೀಳುವುದಿಲ್ಲ. ಮುಷ್ಟಿ ಚಾಚಿ ತಿರುಗಿಸುತ್ತಾಳೆ. ಅದು ವಾತವಲ್ಲವೆಂದು ನನಗೆ ತಿಳಿದದ್ದು ಎರಡನೆಯ ದಿನ. ಮುಷ್ಟಿಯ ಗೆಣ್ಣುಗಳ ಮೇಲೆ ಬೆಳಕು ಹೇಗೆ ಬೀಳುತ್ತದೋ ಮುಖದ ಮೇಲೂ ಹಾಗೇ ಬೀಳುತ್ತದಂತೆ. ಎದುರು ಮನುಷ್ಯರಿಲ್ಲದಿದ್ದರೂ ಕೈ ಯಾವಾಗಲೂ ಜೊತೆಗಿರುತ್ತದಲ್ಲ.

ಶುಕ್ರವಾರ ನಿರ್ದೇಶಕ ರೋಹನ್ ಬಂದ. ಅವನೂ ಕನ್ನಡದ ಮನೆಯವನೇ, ಇಲ್ಲೇ ಹುಟ್ಟಿದವನು. ಕನ್ನಡದಲ್ಲಿ ಶುರುಮಾಡಿ ಅರ್ಧಕ್ಕೆ ಹಿಂದಿಗೆ ಜಾರುತ್ತಾನೆ. "ಆಂಟಿ, ನಾನ್ ಹೇಳ್ದೆ, ಸ್ಟುಡಿಯೋದಲ್ಲಿ ಸೆಟ್ ಹಾಕೋಣ, ಲೈಟ್ ನಮ್ಮ ಕೈಲಿ ಇರ್ತದೆ. ಚೇತನಾ ಮಾನೀ ಹೀ ನಹೀಂ. ಈ ರೂಮೇ ಬೇಕಂತೆ. ಈಗ ಸಂಡೇ ಮಿಸ್ ಆದ್ರೆ... ಖತಮ್," ಎಂದು ನಕ್ಕ. ಚೇತನಾ ನಗಲಿಲ್ಲ. ಹನ್ನೊಂದು ವರ್ಷ ಕಾದು ಸಿಕ್ಕ ಸಿನಿಮಾ, ಅದರ ಮುಖ್ಯ ದೃಶ್ಯವನ್ನು ಅವಳು ತನ್ನೊಂದು ಮಾತಿನ ಮೇಲೆ ಈ ಕಿಟಕಿಗೆ ಕಟ್ಟಿದ್ದಾಳೆಂದು ಆಗ ನನಗೆ ಗೊತ್ತಾಯಿತು. ನನ್ನ ಬೇಸರವೆಲ್ಲ ಹೋಗಿ ಭಯ ಶುರುವಾಯಿತು.

ಶನಿವಾರ

ಕ್ಯಾಮೆರಾ ಪರೀಕ್ಷಿಸಿ ತರಲು ಚೇತನಾ ರೋಹನ್‌ನ ಜೊತೆ ಬಾಂದ್ರಾಕ್ಕೆ ಹೋದಳು. ಸಯನ್ನಿನಲ್ಲಿ ಒಬ್ಬಳೇ ಕೂರಲಾರೆನೆಂದು ನಾನು ವಾರಿಜಕ್ಕನ ಮನೆಗೆ ಬಂದೆ. ನೀರುದೋಸೆ ತಿಂದು ಕೂತಿದ್ದಾಗ ವಾರಿಜಕ್ಕ ಕಿಟಕಿಯತ್ತ ನೋಡಿ ನಿಟ್ಟುಸಿರಿಟ್ಟರು.

"ನಾಳೆ ಅಷ್ಟು ಜನ ಬರ್ತಾರೆ. ಆ ದೊಡ್ಡ ಹೀರೋಯಿನ್ ಬೇರೆ. ಈ ಗಾಜು ನೋಡಿ, ಛೀ! ಸಿನಿಮಾದಲ್ಲಿ ನಮ್ಮ ಊರಿನವರು ನೋಡಿದ್ರೆ ವಾರಿಜ ಇಂಥಾ ಕೊಳಕಿನಲ್ಲಿ ಇದ್ದಾಳಾ ಅಂತ ಹೇಳ್ಲಿಕ್ಕಿಲ್ವಾ?"

ಮನೆಗೆ ನಾಲ್ಕು ಜನ ಬರುತ್ತಾರೆಂದರೆ ಕೈಕಟ್ಟಿ ಕೂರುವ ಹೆಂಗಸು ನಮ್ಮಲ್ಲಿ ಉಂಟೇ? ನನಗೆ ಇನ್ನೊಂದು ವಿಚಾರವೂ ಹೊಳೆಯಿತು. ಮಗಳು ಬೆಳಕಿಗಾಗಿ ಇಷ್ಟು ಒದ್ದಾಡುತ್ತಿದ್ದಾಳೆ. ಗಾಜು ಸ್ವಚ್ಛವಾದರೆ ಬೆಳಕು ಹೆಚ್ಚೇ ಬರುತ್ತದಲ್ಲ! ಸೆರಗು ಸಿಕ್ಕಿಸಿದೆ. ಸಬಕಾರದ ನೀರು, ಹಳೆಯ ಸೀರೆಯ ತುಂಡು, ಕೊನೆಗೆ ಪೇಪರು ಉಂಡೆ ಮಾಡಿ ಉಜ್ಜಿದ್ದು. ಬಕೆಟ್ಟಿನ ನೀರು ಮೂರು ಸಲ ಕಪ್ಪಾಯಿತು. ಮುಗಿದಾಗ ಗಾಜು ಇದೆಯೋ ಇಲ್ಲವೋ ಎನ್ನುವಂತಿತ್ತು. ಎದುರಿನ ಬಿಲ್ಡಿಂಗಿನಲ್ಲಿ ಯಾರೋ ಕುಡಿಯುತ್ತಿದ್ದ ಚಹಾ ಕಪ್ಪಿನ ಬಣ್ಣವೂ ಕಂಡಿತು. ನಾವಿಬ್ಬರೂ ಸಣ್ಣ ಹುಡುಗಿಯರಂತೆ ನಕ್ಕೆವು. ಮಗಳಿಗೆ ಹೇಳಲಿಲ್ಲ, ತಾನಾಗಿ ನೋಡಿ ಖುಷಿಪಡಲಿ ಎಂದುಕೊಂಡೆ.

ಭಾನುವಾರ

ಬೆಳಿಗ್ಗೆ ಏಳಕ್ಕೇ ಖೋಲಿಯಲ್ಲಿ ಕಾಲಿಡಲು ಜಾಗವಿಲ್ಲ. ನಟಿ ಒಳಗೇ ಸೀರೆ ಉಡಬೇಕಿದ್ದರಿಂದ ಕಿಟಕಿಗೆ ಪರದೆ ಎಳೆದಿತ್ತು. ಅದನ್ನು ಸರಿಸಿದ್ದು ಹನ್ನೊಂದಕ್ಕೆ ಹತ್ತು ನಿಮಿಷವಿದ್ದಾಗ. ಬಿಸಿಲಿಲ್ಲದಾಗ ಗಾಜು ಗಮನಕ್ಕೇ ಬರುವುದಿಲ್ಲ. ನಟಿ ನನ್ನ ಸ್ಟೂಲಿನ ಮೇಲೆ ಕೂತರು. ನಾನು ಬಾಗಿಲ ಬಳಿ ನಿಂತು ಹೊಗಳಿಕೆಗೆ ಕಾಯುತ್ತಿದ್ದೆ.

ಬೆಳಕು ಬಂತು. ಆದರೆ ನಾನು ಮೂರು ದಿನ ಕೂತಿದ್ದ ಬೆಳಕಲ್ಲ ಅದು. ನೇರ ಬಂದು ನಟಿಯ ಕಣ್ಣಿಗೆ ಹೊಡೆಯಿತು, ಅವರು ಕಣ್ಣು ಮುಚ್ಚಿಬಿಟ್ಟರು. ಸರಳುಗಳ ನೆರಳು ಮುಖದ ಮೇಲೆ ಕಪ್ಪು ಪಟ್ಟಿಯಾಗಿ ಬಿತ್ತು. ದುಃಖದ ತಾಯಿ ಜೈಲಿನಲ್ಲಿ ಕೂತಂತಾಯಿತು. ಚೇತನಾ ಮುಷ್ಟಿ ಚಾಚಿದಳು, ತಿರುಗಿಸಿದಳು. ಯಂತ್ರ ನೋಡಿದಳು. ವಹಿ ತೆರೆದಳು, ನೆಲದ ಗೆರೆ ನೋಡಿದಳು, ಮತ್ತೆ ವಹಿ.

"ಕ್ಯಾ ಹುವಾ?" ಎಂದ ರೋಹನ್.

ಚೇತನಾ ವಹಿ ಮುಚ್ಚಿದಳು. "ಮೇರೀ ಗಲತೀ ಹೈ. ನಾ ನೋಡಿದ್ದ ತಪ್ಪದ," ಎಂದಳು. ಅಷ್ಟು ಜನರ ಮುಂದೆ.

ನನಗೆ ಏನೂ ಅರ್ಥವಾಗಲಿಲ್ಲ. ಬೆಳಕು ಬೇಕಾಗಿತ್ತು, ಬೆಳಕು ಹೆಚ್ಚೇ ಬಂದಿದೆ, ಮತ್ತೇನು? ಆಗ ಕಿಟಕಿ ನೋಡಿದೆ. ಬೆಳಕನ್ನು ಮೆತ್ತಗೆ ಮಾಡುತ್ತಿದ್ದದ್ದು ಆ ಕೊಳೆ. ನಾವು ಮೂರು ಬಕೆಟ್ ಮಾಡಿ ಚರಂಡಿಗೆ ಸುರಿದದ್ದು ಅದನ್ನೇ. ಆಚೆ ಬದಿಗೆ ನಿಂತ ವಾರಿಜಕ್ಕನಿಗೂ ಏನೋ ಹೊಳೆದಿರಬೇಕು, ಹೇಳಬೇಡಿ ಎಂದು ನನಗೆ ತಲೆಯಾಡಿಸಿದರು. ಅವರ ಮನೆ ಕೊಳಕಾಗಿತ್ತೆಂದು ಇಷ್ಟು ಜನರೆದುರು ಹೇಗೆ ಹೇಳಲಿ? ಆದರೆ ಅಲ್ಲಿ ನನ್ನ ಮಗಳು ತನ್ನ ಕಣ್ಣೇ ಸರಿಯಿಲ್ಲವೆಂದು ಒಪ್ಪಿಕೊಳ್ಳುತ್ತಿದ್ದಳು.

"ನಿಂದೇನೂ ತಪ್ಪಿಲ್ಲ," ಎಂದೆ. ದನಿ ಶಾಲೆಯಲ್ಲಿ ಬರುತ್ತಿದ್ದಷ್ಟು ಜೋರಾಗಿಯೇ ಬಂತು. "ಕಿಟಕಿ ನಾ ತೊಳದೇನಿ. ನಿನ್ನೆ. ಸಬಕಾರ ಹಚ್ಚಿ."

ಎಲ್ಲರೂ ನನ್ನ ಕಡೆ ತಿರುಗಿದರು. ಚೇತನಾ ನನ್ನನ್ನು ನೋಡಿದ ನೋಟ ಸಿಟ್ಟೋ ಸಮಾಧಾನವೋ ತಿಳಿಯಲಿಲ್ಲ. ಕಿಟಕಿಯ ಹತ್ತಿರ ಹೋಗಿ ಗಾಜಿಗೆ ಬೆರಳಿಟ್ಟು, "ಅಯ್ಯ ನನ್ನವ್ವಾ!" ಎಂದಳು.

ಯಾರೋ ಗಾಜಿಗೆ ಅಂಟಿಸಲು ಬಿಳಿ ತೆಳು ಕಾಗದ ತಂದರು. ಅವಳು ಬೇಡವೆಂದಳು. ಕಿಟಕಿಯೂ ಚಿತ್ರದಲ್ಲಿ ಕಾಣುತ್ತದೆ, ಕಾಗದ ಗೊತ್ತಾಗಿಬಿಡುತ್ತದೆ. ಬಿಸಿಲು ಆಗಲೇ ಎರಡನೆಯ ಗೆರೆ ದಾಟಿತ್ತು. ಅಷ್ಟರಲ್ಲಿ ವಾರಿಜಕ್ಕ ಜನರನ್ನು ಸರಿಸಿಕೊಂಡು ಮುಂದೆ ಬಂದರು. ಕೈಯಲ್ಲಿ ಪೌಡರ್ ಡಬ್ಬಿ.

"ಅವರೊಬ್ರೇ ಅಲ್ಲ, ನಾನೂ ತೊಳೆದದ್ದು. ನನ್ನ ಮನೆ, ನನ್ನ ಕೊಳೆ. ಇದು ಆಗ್ತದಾ ನೋಡು ಮಗಾ."

ಚೇತನಾ ಒಂದು ಕ್ಷಣ ಡಬ್ಬಿ ನೋಡಿದಳು. "ಹಚ್ಚರಿ!" ಎಂದಳು.

ನಾವಿಬ್ಬರೂ ಕೈ ಒದ್ದೆ ಮಾಡಿಕೊಂಡು, ನಿನ್ನೆ ಉಜ್ಜಿ ಉಜ್ಜಿ ಹೊಳೆಯುವಂತೆ ಮಾಡಿದ ಗಾಜಿಗೆ ಪೌಡರ್ ಬಳಿದೆವು. ಅವಳು ಸ್ಟೂಲಿನ ಪಕ್ಕ ಮುಷ್ಟಿ ಚಾಚಿ ನಿಂತು ಕೂಗುತ್ತಿದ್ದಳು. "ಮ್ಯಾಲೆ ಅವ್ವಾ. ಇನ್ನೂ ಮ್ಯಾಲೆ. ಅಕ್ಕಾ, ನೀವು ಕೆಳಗ. ತಟ್ಟರಿ, ಉಜ್ಜಬ್ಯಾಡ್ರಿ. ಸಾಕ್. ಸಾಕಂದೆ!" ನನಗೆ ಅವಳ ಮುಷ್ಟಿ ಕಾಣುತ್ತಿತ್ತು. ಗೆಣ್ಣುಗಳ ನಡುವಿನ ಕಪ್ಪು ಗೆರೆಗಳು ನಿಧಾನ ಕರಗಿ, ಕೈ ದುಂಡಗಾಗಿ ಬಂತು. ಮೂರು ದಿನ ಕೂತರೂ ತಿಳಿಯದ್ದು ಆಗ ಕಣ್ಣಿಗೆ ಬಿತ್ತು. ಕಂಡದ್ದೇನೆಂದು ಹೇಳು ಎಂದರೆ ಇಂದಿಗೂ ಹೇಳಲಾರೆ.

ಉಳಿದದ್ದು ಐದು ನಿಮಿಷ. ನಟಿ ಕಣ್ಣು ತೆರೆದು ಕೂತರು. ಬಿಸಿಲು ಗೋಡೆಗೆ ಸರಿದಾಗ ರೋಹನ್ "ಕಟ್" ಎಂದ. ಚೆನ್ನಾಗಿ ಬಂತೇ ಎಂದು ಅವನನ್ನು ಕೇಳಿದೆ.

"ಗೊತ್ತಿಲ್ಲ ಆಂಟಿ. ನಾವು ಸೋಚಿದ್ದು ಇದಲ್ಲ," ಎಂದ. ಮತ್ತೆ ಕ್ಯಾಮೆರಾದ ಸ್ಕ್ರೀನ್ ನೋಡಿ, "ಲೇಕಿನ್ ನೋಡ್ತಾ ಇರ್ಬೇಕು ಅನಿಸ್ತದೆ," ಎಂದ.

ಮರಳಿ ಸಯನ್ನಿಗೆ

ಲೋಕಲ್‌ನಲ್ಲಿ ಇಬ್ಬರಿಗೂ ಜಾಗ ಸಿಕ್ಕಿತು. ನನ್ನ ಉಗುರುಗಳಲ್ಲಿ ಇನ್ನೂ ಪೌಡರ್ ಇತ್ತು. ಚೇತನಾ ದಾದರ್ ದಾಟುವವರೆಗೂ ವಹಿಯ ಹಾಳೆ ತಿರುವುತ್ತಿದ್ದಳು. ಬೈಯಲಿ ಎಂದು ಕಾದೆ, ಬೈದುಬಿಟ್ಟರೆ ಹಗುರಾಗುತ್ತಿತ್ತು.

"ಅವ್ವಾ, ನೀ ಹೇಳದ ಇದ್ದಿದ್ರ," ಎಂದಳು ಕೊನೆಗೆ, "ನಾ ಇನ್ನ ಮುಂದ ನನ್ನ ಕಣ್ಣು ನಂಬತಿದ್ದಿಲ್ಲ."

ಮನಸ್ಸಿನಲ್ಲಿದ್ದದ್ದನ್ನು ಕೇಳಿಬಿಟ್ಟೆ. "ಖರೇ ಹೇಳು. ನನ್ನ ಮೈಬಣ್ಣಕ್ಕಷ್ಟ ಕರದಿದ್ದೇನು?"

"ಅಂಥಾ ಬಣ್ಣದವ್ರು ಮುಂಬೈದಾಗ ಭಾಳ ಮಂದಿ ಅದಾರ," ಎಂದು ನನ್ನ ಹೆಗಲಿಗೆ ತಲೆಯಿಟ್ಟಳು. ಎದುರು ನಿಂತಿದ್ದ ಹೆಂಗಸು ಎಲ್ಲಿ ಇಳಿಯುತ್ತೀರಿ ಎಂದು ಕೇಳಿದಳು. ಮಗಳ ತಲೆ ಅಲ್ಲಾಡದಂತೆ ಮೆಲ್ಲನೆ, "ಸಯನ್" ಎಂದೆ.

ಧಾರವಾಡ

ಸಿನಿಮಾ ಯಾವಾಗ ಬರುತ್ತದೆ, ಬರುತ್ತದೋ ಇಲ್ಲವೋ, ಅವರಿಗೇ ಗೊತ್ತಿಲ್ಲ. ನಾನು ಊರಿಗೆ ಬಂದ ಮರುದಿನ ಬೆಳಿಗ್ಗೆ ಸರೋಜಾ ಬಾಗಿಲಿಗೆ ಬಂದಳು. ನಾನು ಅಡುಗೆಮನೆಯ ಕಿಟಕಿಯ ಬಳಿ ಕೈ ಚಾಚಿ ನಿಂತಿದ್ದೆ.

"ಕೈ ನೋವೇನ್ರೀ ಟೀಚರ್?"

"ಇಲ್ಲ. ಸುಮ್ನ."

"ಅಲ್ಲಾ, ಈ ಸಲಾನಾದ್ರೂ ತಿಳೀತೇನ್ರೀ, ಚೇತನಾ ಅಲ್ಲೆ ಏನ ಮಾಡ್ತಾಳಂತ?"

ಹಾಲು ಒಲೆಯ ಮೇಲಿತ್ತು. ಈ ಸಲ ಉಕ್ಕಿದರೂ ನಾನು ಓಡಲಿಲ್ಲ. "ಒಂಬತ್ತೂವರಿಗೆ ಬಾ," ಎಂದೆ. "ಈ ಕಿಟಕಿಗೆ ಆಗ ಬಿಸಲ ಬರತದ. ಸ್ಟೂಲಿನ ಮ್ಯಾಲೆ ಕುಂದರಸ್ತೀನಿ. ಅಲ್ಲಾಡಬಾರದು ನೋಡು."